ಬೋಗಿ ಬುಡದ ಕಲ್ಲಣಬೆ: ಕಾರ್ಕಳ ಸೀಮೆಯ ಒಂದು ಕುಮ್ಕಿ ಗುಡ್ಡೆಯ ಪ್ರಕರಣ

ಕಾರ್ಕಳ ಮತ್ತು ಮೂಡುಬಿದಿರೆ ನಡುವಿನ ಒಂದು ಕುಮ್ಕಿ ಗುಡ್ಡೆ, ಅಂದರೆ ಪಟ್ಟಾ ಜಮೀನಿಗೆ ತಾಗಿದ ಸರಕಾರಿ ಗುಡ್ಡೆ. ಕೆಳಗೆ ಅಡಿಕೆ ತೋಟ ಮತ್ತು ತೋಡು, ನೆತ್ತಿಯಲ್ಲಿ ಹುಲ್ಲು ಬಿಟ್ಟರೆ ಬೇರೇನೂ ಬೆಳೆಯದ ಮುರಕಲ್ಲಿನ (ಜಂಬಿಟ್ಟಿಗೆಯ) ಹಾಸು. ನಡುವಿನ ಎರಡು ಎಕರೆಯಷ್ಟು ಇಳಿಜಾರಿನಲ್ಲಿ ಹಿಂದೆ ಎಲ್ಲಿ ಕೆದಕಿದರೂ ಕಲ್ಲಣಬೆ ಸಿಗುತ್ತಿತ್ತು. ಈಗ ಕೆಳಗಿನ ಅರ್ಧದಲ್ಲಿ ಮಾತ್ರ ಸಿಗುತ್ತದೆ. ಮೇಲಿನ ಅರ್ಧದಲ್ಲೂ ಮಳೆ ಹಿಡಿದ ಮೇಲೆ ಉರುಟಾಗಿ ಏನೋ ಏಳುತ್ತದೆ. ಅದನ್ನು ಕಲ್ಲಣಬೆಯೆಂದೇ ತಿಳಿದು ಪದಾರ್ಥ ಮಾಡಿ ಉಂಡವರಿಗೆ ಒಂದೆರಡು ಗಂಟೆಯೊಳಗೆ ವಾಂತಿ, ಬೆವರು, ಹೊಟ್ಟೆನೋವು.

ಇದು ಯಾವುದೋ ಒಂದು ಸರ್ವೆ ನಂಬರಿನ ಚರಿತ್ರೆಯಲ್ಲ. ಈ ಸೀಮೆಯ ಹಲವು ಕುಮ್ಕಿಗಳಲ್ಲಿ ಕಾಣುವುದನ್ನು ಒಂದೇ ಗುಡ್ಡೆಯ ಮೇಲಿಟ್ಟು ಬರೆದದ್ದು. ಗುಡ್ಡೆಯ ಪಕ್ಕದ ಮನೆಯವರ ಪ್ರಶ್ನೆ ಎರಡು: ಮೇಲಿನ ಅರ್ಧದಲ್ಲಿ ಕಲ್ಲಣಬೆ ಯಾಕೆ ನಿಂತಿತು, ಹೆಕ್ಕಿ ಹೆಕ್ಕಿ ನಾವೇ ಮುಗಿಸಿದೆವಾ? ಅಲ್ಲಿ ಈಗ ಏಳುವುದು ಏನು? ಎರಡಕ್ಕೂ ಉತ್ತರ ಅಣಬೆಯಲ್ಲಿಲ್ಲ, ಅದರ ತಲೆಯ ಮೇಲಿರುವ ಮರದಲ್ಲಿದೆ.

ಕಲ್ಲಣಬೆ ಎಂದರೆ ಯಾವುದು

ತುಳುವಿನಲ್ಲಿ ಕಲ್ಲಲಾಂಬು ಎನ್ನುವ ಇದು ಆಸ್ಟ್ರಿಯಸ್ ಕುಲದ ಅಣಬೆ. ಕೊಡೆಯಿಲ್ಲ, ಕಾಲಿಲ್ಲ. ಒಂದೂವರೆಯಿಂದ ನಾಲ್ಕು ಸೆಂ.ಮೀ. ಅಗಲದ ಗುಂಡು, ಮುರಕಲ್ಲಿನ ಹರಳುಗಳ ನಡುವೆ ಮಣ್ಣಿನೊಳಗೇ ಬೆಳೆಯುತ್ತದೆ. ತುಳು ತಿಂಗಳು ಬೇಶದ (ಮೇ-ಜೂನ್) ಕೊನೆಯ ಗುಡುಗು ಮಳೆಗೆ ಶುರುವಾಗಿ ಕಾರ್ತೆಲಿನಲ್ಲಿ (ಜೂನ್-ಜುಲೈ) ಮುಗಿಯುವ ಸಣ್ಣ ಹಂಗಾಮು. ಎಳೆಯದರಲ್ಲಿ ಹೊರಸಿಪ್ಪೆ ಕುರುಕು, ಒಳಗೆ ಮೆತ್ತಗಿನ ಬಿಳಿ ತಿರುಳು. ಬಲಿತಂತೆ ತಿರುಳು ಕಂದಾಗಿ, ಕಪ್ಪಾಗಿ, ಕೊನೆಗೆ ಪುಡಿಯಾಗುತ್ತದೆ. ಆಗ ಹೊರಸಿಪ್ಪೆ ನಕ್ಷತ್ರದ ಹಾಗೆ ಎಸಳೆಸಳಾಗಿ ಬಿರಿದು ಹೊರಕ್ಕೆ ಬಾಗಿ, ನಡುವಿನ ಚೀಲವನ್ನು ಮಣ್ಣಿನಿಂದ ಮೇಲೆತ್ತುತ್ತದೆ. ಎಸಳಿನ ಒಂದು ಪದರ ನೀರು ಕುಡಿದು ಹಿಗ್ಗುವುದರಿಂದ ಈ ಬಾಗು ಬರುತ್ತದೆ. ಚೀಲದ ಮೇಲೆ ಮಳೆಹನಿ ಬಿದ್ದಾಗೆಲ್ಲ ತುದಿಯ ತೂತಿನಿಂದ ಕಂದು ಬೀಜಕದ (ಅಣಬೆಯ ಬೀಜದಂಥ ಪುಡಿಯ) ಹೊಗೆ ಏಳುತ್ತದೆ.

ಬಹುಕಾಲ ಜಗತ್ತಿನ ಎಲ್ಲೆಡೆ ಸಿಗುವುದು ಆಸ್ಟ್ರಿಯಸ್ ಹೈಗ್ರೊಮೆಟ್ರಿಕಸ್ ಎಂಬ ಒಂದೇ ಪ್ರಭೇದ ಎಂದು ತಿಳಿಯಲಾಗಿತ್ತು. ಥಾಯ್ಲೆಂಡಿನ ಮಾದರಿಗಳಿಂದ 2004ರಲ್ಲಿ ಆಸ್ಟ್ರಿಯಸ್ ಓಡೊರಾಟಸ್, 2007ರಲ್ಲಿ ಆಸ್ಟ್ರಿಯಸ್ ಏಷ್ಯಾಟಿಕಸ್ ಬೇರೆಯಾದವು. ನಮ್ಮ ಗುಡ್ಡೆಗಳ ಕಲ್ಲಣಬೆಯನ್ನು ಕೊಣಾಜೆಯ ಮಂಗಳೂರು ವಿಶ್ವವಿದ್ಯಾನಿಲಯದ ಸಂಶೋಧಕರು ಅಧ್ಯಯನ ಮಾಡಿ ಓಡೊರಾಟಸ್ ಮತ್ತು ಹೈಗ್ರೊಮೆಟ್ರಿಕಸ್ ಹೆಸರಿನಲ್ಲಿ ದಾಖಲಿಸಿದ್ದಾರೆ. ಅಡುಗೆಮನೆಗೆ ಈ ವ್ಯತ್ಯಾಸ ಮುಖ್ಯವಲ್ಲ. ಗುಡ್ಡೆಗೆ ಮುಖ್ಯವಾದದ್ದು ಬೇರೆ: ಇವೆಲ್ಲವೂ ಜೀವಂತ ಮರದ ಬೇರನ್ನು ಹಿಡಿದೇ ಬದುಕುವ ಅಣಬೆಗಳು. ಚಿಪ್ಪಣಬೆಯ ಹಾಗೆ ಬೈಹುಲ್ಲಿನ ಚೀಲದಲ್ಲಿ ಬರುವ ಜಾತಿಯಲ್ಲ. ಕಲ್ಲಣಬೆಯ ಬೀಜ ಮಾರುತ್ತೇವೆ, ಶೆಡ್ಡಿನಲ್ಲಿ ಬೆಳೆಯಿರಿ ಎಂದು ಯಾರಾದರೂ ಹೇಳಿದರೆ ಹಣ ಕೊಡಬೇಡಿ.

ಮಣ್ಣಿನೊಳಗಿನ ನಂಟು

ವರ್ಷಕ್ಕೆ ಸುಮಾರು 4,000 ಮಿ.ಮೀ. ಮಳೆ ತೊಳೆಯುವ ಮುರಕಲ್ಲಿನ ಮಣ್ಣು ಹುಳಿ ಮಣ್ಣು. ಕಬ್ಬಿಣ ಮತ್ತು ಅಲ್ಯೂಮಿನಿಯಮ್ ಆಕ್ಸೈಡುಗಳು ರಂಜಕವನ್ನು ಕಚ್ಚಿ ಹಿಡಿದಿರುತ್ತವೆ, ಬೇರಿಗೆ ಬಿಟ್ಟುಕೊಡುವುದಿಲ್ಲ. ಇಂಥ ಮಣ್ಣಿನಲ್ಲಿ ಕಿರಾಲುಬೋಗಿ (ಚಿಕ್ಕದಾಗಿ ಬೋಗಿ), ಹೈಗದಂಥ ಕಾಡುಮರಗಳು ಕಂಡುಕೊಂಡ ದಾರಿಯೇ ಅಣಬೆಯ ಎಳೆಗಳು. ಎಳೆಗಳು ಬೇರಿನ ತುದಿಗೆ ಹೊರಗಿನಿಂದ ಕವಚ ಹೊದಿಸಿ, ಅಲ್ಲಿಂದ ಕಲ್ಲಿನ ಸಂದುಗಳಿಗೆ ಹರಡಿ ನೀರು, ರಂಜಕ ತಂದುಕೊಡುತ್ತವೆ. ಮರ ಅದಕ್ಕೆ ಸಕ್ಕರೆ ಕೊಡುತ್ತದೆ. ನಾವು ಹೆಕ್ಕುವ ಗುಂಡು ಆ ಸಕ್ಕರೆಯಿಂದ ಆದದ್ದು.

ಎಲ್ಲ ಮರಕ್ಕೂ ಈ ಹೊರಕವಚದ ನಂಟು ಇಲ್ಲ. ಮಾವು, ಹಲಸು, ತೆಂಗು, ಅಡಿಕೆ, ಗೇರು, ರಬ್ಬರು ಇವೆಲ್ಲ ಬೇರಿನ ಜೀವಕೋಶದ ಒಳಗೇ ನುಗ್ಗುವ ಬೇರೆ ಬಗೆಯ ಶಿಲೀಂಧ್ರಗಳ ಜೊತೆ ಬದುಕುವ ಮರಗಳು. ಅವುಗಳ ಬುಡದಲ್ಲಿ ಕಲ್ಲಣಬೆಗೆ ಅನ್ನವಿಲ್ಲ. ಗೇರುಮರದಡಿ ಕಲ್ಲಣಬೆ ಸಿಕ್ಕಿತು ಎನ್ನುವವರು ಹತ್ತು ಹೆಜ್ಜೆ ಸುತ್ತ ನೋಡಿದರೆ ಬೋಗಿಯದೋ ಹೈಗದ್ದೋ ಒಂದು ಪೊದೆ ಕಾಣುತ್ತದೆ. ಬೇರು ಕೊಂಬೆಗಿಂತ ದೂರ ಹೋಗುತ್ತದೆ.

ಈ ಗುಡ್ಡೆಯ ಕೆಳಗಿನ ಅರ್ಧದಲ್ಲಿರುವುದು ಹೈಗ, ಕಿರಾಲುಬೋಗಿ, ಅಲ್ಲಲ್ಲಿ ಕಿಂದಳ, ಕೆಳಗೆ ಕುಂಟುನೇರಳೆ, ಕೇಪಳದ ಪೊದೆ. ಹೈಗ ಅಂದರೆ ಹೋಪಿಯಾ ಪೊಂಗಾ, ಕಿರಾಲುಬೋಗಿ ಅಂದರೆ ಹೋಪಿಯಾ ಪಾರ್ವಿಫ್ಲೋರಾ. ಎರಡೂ ಉತ್ತರದ ಸಾಲ ಮರದ ಕುಟುಂಬದವು. ಜಾರ್ಖಂಡದಲ್ಲಿ ಸಾಲದ ಬುಡದಿಂದ ಕೆದಕಿ ತೆಗೆದು 'ರುಗ್ಡಾ' ಎಂದು, ಬಸ್ತರಿನಲ್ಲಿ 'ಬೋಡಾ' ಎಂದು ಮಾರುವುದು ಇದೇ ಕುಲದ ಅಣಬೆಯನ್ನು. ಹೈಗವನ್ನು ಗುರುತಿಸಲು ಒಂದು ಸುಲಭದ ದಾರಿಯಿದೆ: ಅದರ ಗೆಲ್ಲುಗಳಲ್ಲಿ ಮುಳ್ಳುಮುಳ್ಳಾದ ಉರುಟು ಗಂಟುಗಳು ನೇತಾಡುತ್ತಿರುತ್ತವೆ. ಕಾಯಿಯೆಂದು ಹಲವರು ತಿಳಿಯುತ್ತಾರೆ, ಅದು ಒಂದು ಸಣ್ಣ ಕೀಟ ಎಬ್ಬಿಸಿದ ಗಂಟು. ಆ ಕೀಟದ ವೈಜ್ಞಾನಿಕ ಹೆಸರು ಮಂಗಳೂರಿಯಾ ಹೋಪಿಯೇ, ನಮ್ಮ ಊರಿನದೇ ಹೆಸರು. ನಿಜವಾದ ಕಾಯಿಗೆ ಎರಡು ರೆಕ್ಕೆಗಳಿರುತ್ತವೆ.

ಮೇಲೆ ಯಾಕೆ ನಿಂತಿತು

ಮಳೆ ಕಾರಣವಲ್ಲ. ಎರಡೂ ಅರ್ಧಕ್ಕೆ ಬೀಳುವುದು ಒಂದೇ ಮಳೆ, ಮಣ್ಣೂ ಒಂದೇ. ಹೆಕ್ಕಿದ್ದೂ ಕಾರಣವಲ್ಲ, ಕೆಳಗಿನ ಅರ್ಧದಲ್ಲಿ ಅಷ್ಟೇ ಕೈಗಳು ಅಷ್ಟೇ ವರ್ಷ ಹೆಕ್ಕಿವೆ. ಸ್ವಿಟ್ಜರ್‌ಲೆಂಡಿನಲ್ಲಿ 29 ವರ್ಷ ಅಳೆದು 2006ರಲ್ಲಿ ಪ್ರಕಟಿಸಿದ ಅಧ್ಯಯನವೂ ಕಾಡಿನ ಅಣಬೆಗಳನ್ನು ಹೆಕ್ಕುವುದರಿಂದ ಮುಂದಿನ ಫಸಲು ಇಳಿಯಲಿಲ್ಲ, ಮಣ್ಣು ತುಳಿದದ್ದರಿಂದ ಅಣಬೆಗಳ ಸಂಖ್ಯೆ ಇಳಿಯಿತು ಎಂದಿತು. ಆದರೆ ಅಲ್ಲಿನವು ಕೊಡೆ ಬಿಚ್ಚಿ ಬೀಜಕ ಉದುರಿಸುತ್ತಿರುವಾಗಲೇ ಹೆಕ್ಕುವ ಅಣಬೆಗಳು. ಕಲ್ಲಣಬೆಯನ್ನು ನಾವು ಬೀಜಕ ಆಗುವ ಮೊದಲೇ ತೆಗೆಯುತ್ತೇವೆ. ಹಾಗಾಗಿ ಹೆಕ್ಕುವುದರಿಂದ ಇರುವ ಜಾಗ ಹಾಳಾಗದಿದ್ದರೂ ಹೊಸ ಜಾಗಕ್ಕೆ ಹಬ್ಬುವುದು ತಪ್ಪುತ್ತದೆ.

ಎರಡು ಅರ್ಧಗಳ ನಡುವಿನ ನಿಜವಾದ ವ್ಯತ್ಯಾಸ ಇದು. ಮೇಲೆ ಹೈಗ, ಬೋಗಿಗಳನ್ನು ಕಟ್ಟಿಗೆಗೆ ಕಡಿದು ಬುಡ ಕಿತ್ತರು. 1980ರ ದಶಕದಿಂದ ಕರಾವಳಿಯ ಗುಡ್ಡೆಗಳಿಗೆ ಬಂದ ಅಕೇಶಿಯ ಅಲ್ಲಿಗೂ ಬಂತು, ಅಂಚಿನಲ್ಲಿ ಗೇರು ಹಾಕಿದರು. ಮರ ಕಡಿದರೂ ಬುಡ ಚಿಗುರಿದರೆ ಬೇರು ಬದುಕುತ್ತದೆ, ಬೇರಿನ ಜೊತೆ ಅಣಬೆಯ ಎಳೆಯೂ ಉಳಿಯುತ್ತದೆ. ಹಟ್ಟಿಗೆ ಸೊಪ್ಪು ಕಡಿದು ಕಡಿದು ಕುಳ್ಳಾದ ಹೈಗದ ಪೊದೆಗಳ ಕೆಳಗೆ ಇಂದಿಗೂ ಕಲ್ಲಣಬೆ ಏಳುವುದು ಅದಕ್ಕೇ. ಜೆಸಿಬಿ ಹಾಕಿ ಬುಡ ಕಿತ್ತ ಕಡೆ ಎಲ್ಲ ಮುಗಿಯಿತು. ಆಶ್ರಯದ ಬೇರು ಸತ್ತ ಮೇಲೆ ಎಳೆಗೆ ಹೋಗಲು ಬೇರೆ ಮನೆಯಿಲ್ಲ.

ಎರಡನೆಯದು ಪಿಕ್ಕಾಸು. ಬೆಲೆ ಏರಿದ ಮೇಲೆ ಹೊರಗಿನಿಂದ ಬರುವವರು ಕೈಯಿಂದ ತಡವಿ ನೋಡುವುದಿಲ್ಲ, ಅರ್ಧ ಅಡಿ ಅಗೆದು ಮಗುಚುತ್ತಾರೆ. ಕವಚ ಹೊದ್ದ ಬೇರಿನ ತುದಿಗಳು ಹೆಚ್ಚಾಗಿರುವುದು ಮೇಲಿನ 5ರಿಂದ 10 ಸೆಂ.ಮೀ. ಮಣ್ಣಿನಲ್ಲಿ. ಅಮೆರಿಕದ ಒರೆಗಾನ್‌ನಲ್ಲಿ ಮತ್ಸುತಾಕೆ ಎಂಬ ಬೇರುನಂಟಿನ ಅಣಬೆಗೆ ಆಳವಾಗಿ ಕೆರೆದು ಮಣ್ಣು ಮುಚ್ಚದೆ ಬಿಟ್ಟ ಜಾಗಗಳಲ್ಲಿ ಫಸಲು ವರ್ಷಗಟ್ಟಲೆ ಇಳಿದೇ ಇತ್ತು. ಈ ಗುಡ್ಡೆಯ ಕೆಳಗಿನ ಅರ್ಧದಲ್ಲೂ ರಸ್ತೆಗೆ ಹತ್ತಿರದ ತುಂಡಿನಲ್ಲಿ ಅದೇ ಶುರುವಾಗಿದೆ: ಮರಗಳಿವೆ, ಬುಡದ ಮಣ್ಣು ಮಾತ್ರ ಹುಡಿಹುಡಿ, ಕಿತ್ತ ಬೇರುಗಳು ಮೇಲೆ ಒಣಗಿವೆ.

ಮೂರನೆಯದು ಗೊಬ್ಬರ. ಬೆಳೆದ ಗೇರುಮರಕ್ಕೆ ಶಿಫಾರಸಾದ ವರ್ಷದ ಸಾರಜನಕ 500 ಗ್ರಾಂ, ಅಂದರೆ ಯೂರಿಯಾದಲ್ಲಿ ಒಂದು ಕಿಲೋ ಮೇಲೆ. ಗೇರಿಗೆ ಅದು ಸರಿ. ಆದರೆ ಬೋಗಿಯ ಬೇರಿಗೆ ಸಾರಜನಕ, ರಂಜಕ ಸುಲಭವಾಗಿ ಸಿಕ್ಕಿದರೆ ಅಣಬೆಗೆ ಸಕ್ಕರೆ ಕೊಡುವುದನ್ನು ಮರ ಕಡಿಮೆ ಮಾಡುತ್ತದೆ. ಗೇರಿನ ಸಾಲಿನಿಂದ ಹರಿದು ಬರುವ ನೀರಿನ ದಾರಿಯಲ್ಲಿರುವ ಬೋಗಿಗಳ ಕೆಳಗೆ ಫಸಲು ಮೊದಲು ಇಳಿಯುವುದು ಇದಕ್ಕೆ.

ಅಕೇಶಿಯದಡಿಯ ಗುಂಡು

ಇನ್ನು ವಾಂತಿಯ ಪ್ರಶ್ನೆ. ಅಕೇಶಿಯಕ್ಕೂ ಹೊರಕವಚದ ಅಣಬೆಗಳು ಕೂಡಿಬರುತ್ತವೆ, ಆದರೆ ಅವು ಸ್ಕ್ಲೆರೊಡರ್ಮ ಮತ್ತು ಪೈಸೊಲಿಥಸ್. ಎರಡೂ ಆಸ್ಟ್ರಿಯಸ್‌ನ ಬಳಗದವೇ, ಹೊರಗಿನಿಂದ ಮಣ್ಣು ಮೆತ್ತಿದ ಉರುಟು ಆಕಾರದಲ್ಲಿ ಹೋಲುತ್ತವೆ. ಸ್ಕ್ಲೆರೊಡರ್ಮದಲ್ಲಿ ವಿಷದ ಜಾತಿಗಳಿವೆ. ಉಂಡ ಅರ್ಧ ಗಂಟೆಯಿಂದ ಮೂರು ಗಂಟೆಯೊಳಗೆ ವಾಂತಿ, ಬೆವರು, ಹೊಟ್ಟೆನೋವು ಶುರುವಾಗುತ್ತದೆ.

ಬೇರ್ಪಡಿಸುವ ದಾರಿ ಒಂದೇ: ಬುಟ್ಟಿಯ ಪ್ರತಿಯೊಂದು ಗುಂಡನ್ನೂ ಮೇಲಿನಿಂದ ಕೆಳಕ್ಕೆ ಎರಡು ಹೋಳು ಮಾಡುವುದು. ಮೊದಲು ಗೋಣಿತಾಟಿನಲ್ಲಿ ಉಜ್ಜಿ, ಮೂರು ನಾಲ್ಕು ನೀರಿನಲ್ಲಿ ತೊಳೆದು ಮಣ್ಣು ಪೂರ್ತಿ ತೆಗೆಯಬೇಕು, ಇಲ್ಲದಿದ್ದರೆ ಸಿಪ್ಪೆಯ ಗುರುತು ಕಾಣುವುದಿಲ್ಲ. ಎಳೆಯ ಕಲ್ಲಣಬೆಯ ಹೋಳಿನಲ್ಲಿ ದಪ್ಪ ಹೊರಸಿಪ್ಪೆ ಬೇರೆ, ಒಳಗಿನ ಗುಂಡು ಬೇರೆ ಎಂದು ಎರಡು ವಲಯ ಸ್ಪಷ್ಟವಾಗಿರುತ್ತದೆ, ತಿರುಳು ಒಂದೇ ಸಮ ಬಿಳಿ. ಸ್ಕ್ಲೆರೊಡರ್ಮಕ್ಕೆ ಒಂದೇ ಸಿಪ್ಪೆ, ಮೇಲ್ಮೈ ಹೆಚ್ಚಾಗಿ ಒಡಕು ಒಡಕು ಅಥವಾ ಹುರುಪೆ. ಬುಡದಲ್ಲಿ ಬೇರಿನ ಜುಟ್ಟಿನಂಥ ಎಳೆಗಳ ಗೊಂಚಲು ಇರುತ್ತದೆ, ತಿರುಳು ಬೇಗನೆ ನೇರಳೆ ಮಿಶ್ರಿತ ಕಪ್ಪಾಗುತ್ತದೆ. ಪೈಸೊಲಿಥಸ್‌ನ ಒಳಗೆ ಸಣ್ಣ ಸಣ್ಣ ಕಾಳುಗಳನ್ನು ಒತ್ತೊತ್ತಾಗಿ ತುಂಬಿದಂತಿರುತ್ತದೆ, ಸುತ್ತ ಕಪ್ಪು ಅಂಟು. ಹೋಳಿನಲ್ಲಿ ಕೊಡೆ, ಗೆರೆ, ಕಾಲಿನ ನೆರಳು ಕಂಡರೆ ಅದು ಇನ್ನೂ ಬಿಚ್ಚದ ಕೊಡೆ ಅಣಬೆ, ಮಾರಕ ಜಾತಿಗಳಿರುವ ಅಮನಿಟ ಅಣಬೆಯ ಮೊಟ್ಟೆಯೂ ಆಗಿರಬಹುದು. ಅಂಥದ್ದು ಒಂದು ಸಿಕ್ಕಿದರೂ ಆ ಬುಟ್ಟಿಯನ್ನು ಪೂರ್ತಿ ಮತ್ತೆ ನೋಡಬೇಕು. ಸಿಪ್ಪೆಯ ಕೆಳಗೆ ಲೋಳೆಯ ಪದರ ಇದ್ದರೆ ನಾತದ ಅಣಬೆಯ ಮೊಟ್ಟೆ.

ಮೋಸ ಆಗುವುದು ಒಂದೇ ಜಾಗದಲ್ಲಿ: ತೀರ ಎಳೆಯ ಸ್ಕ್ಲೆರೊಡರ್ಮದ ತಿರುಳೂ ಬಿಳಿಯೇ. ಆದ್ದರಿಂದ ಬಿಳಿ ಬಣ್ಣವೊಂದೇ ಸಾಲದು, ಎರಡು ವಲಯ ಕಾಣಲೇಬೇಕು. ಅದಕ್ಕೂ ಮೊದಲು ಅಕೇಶಿಯದಡಿಯಲ್ಲಿ ಸಿಕ್ಕಿದ್ದನ್ನು ಬುಟ್ಟಿಗೇ ಹಾಕಬಾರದು. ಅಕೇಶಿಯ ಮತ್ತು ಬೋಗಿ ಬೆರೆತ ಅಂಚಿನ ತುಂಡನ್ನೂ ಬಿಡುವುದೇ ಒಳ್ಳೆಯದು. ಪೇಟೆಯಲ್ಲಿ ಕೊಂಡದ್ದಾದರೆ ಮರ ಯಾವುದೆಂದು ಗೊತ್ತಿರುವುದಿಲ್ಲ, ಹೋಳು ಮಾಡುವ ಕೆಲಸ ಇನ್ನೂ ಅಗತ್ಯ.

ಬೆಳ್ಳುಳ್ಳಿ ಹಾಕಿದರೆ ಬಣ್ಣ ತಿರುಗುತ್ತದೆ, ಬೆಳ್ಳಿಯ ನಾಣ್ಯ ಕಪ್ಪಾಗುತ್ತದೆ, ಹುಳ ತಿಂದದ್ದಾದರೆ ವಿಷವಿಲ್ಲ ಎಂಬ ಪರೀಕ್ಷೆಗಳೆಲ್ಲ ಸುಳ್ಳು. ಇವುಗಳನ್ನು ನಂಬಿ ಉಣ್ಣಬೇಡಿ. ಅಮನಿಟದ ಮಾರಕ ವಿಷ ಕುದಿಸಿದರೂ ಹೋಗುವುದಿಲ್ಲ, ಅದರ ಲಕ್ಷಣ ಆರು ಗಂಟೆಯ ನಂತರವೇ ಶುರುವಾಗಿ, ನಡುವೆ ಗುಣವಾದಂತೆ ಕಂಡು, ಆಮೇಲೆ ಯಕೃತ್ತಿಗೆ ಬರುತ್ತದೆ. ಬೇಗ ಬಂದ ವಾಂತಿಯಾಗಲಿ ತಡವಾಗಿ ಬಂದದ್ದಾಗಲಿ, ಉಳಿದ ಹಸಿ ಅಣಬೆಯನ್ನೂ ಪದಾರ್ಥವನ್ನೂ ಹಿಡಿದುಕೊಂಡೇ ಆಸ್ಪತ್ರೆಗೆ ಹೋಗಬೇಕು.

ಸರಿಯಾದದ್ದನ್ನು ಬೇಯಿಸುವುದು ದೊಡ್ಡ ವಿಷಯವಲ್ಲ. ಹೊರಸಿಪ್ಪೆ ಗಟ್ಟಿ ಇರುವುದರಿಂದ ಕುಕ್ಕರಿನಲ್ಲಿ ಮೂರು ನಾಲ್ಕು ಸೀಟಿ ಬೇಕು, ಆಮೇಲೆ ಸುಕ್ಕವೋ ಗಸಿಯೋ ಮನೆಯ ಮಸಾಲೆ. ಹೆಕ್ಕಿದ ಮೇಲೂ ಗುಂಡು ಬಲಿಯುತ್ತಲೇ ಇರುತ್ತದೆ. ಬೆಳಿಗ್ಗೆ ಬಿಳಿಯಿದ್ದ ತಿರುಳು ಮರುದಿನ ಕಂದಾಗಿರಬಹುದು, ಆದ್ದರಿಂದ ಹೋಳು ಮಾಡುವುದು ಬೇಯಿಸುವ ಹೊತ್ತಿಗೇ ಆಗಬೇಕು. ಕಂದಾದ ಕಲ್ಲಣಬೆ ರುಚಿಯಿಲ್ಲ, ಆದರೆ ಎಸೆಯಬಾರದು. ಅದರ ಕೆಲಸ ಗುಡ್ಡೆಯಲ್ಲಿದೆ.

ಗುಡ್ಡೆಗೆ ಮಾಡಬೇಕಾದ್ದು

ಮೊದಲು ಕೆಳಗಿನ ಅರ್ಧವನ್ನು ಉಳಿಸಿಕೊಳ್ಳುವುದು. ಅದು ಹೋದರೆ ಮೇಲಕ್ಕೆ ತರಲು ತಾಯಿಮಣ್ಣೇ ಇರುವುದಿಲ್ಲ. ಪಿಕ್ಕಾಸು, ಹಾರೆ ಗುಡ್ಡೆಗೆ ಬರಕೂಡದು. ಮಣ್ಣು ಸಣ್ಣಗೆ ಉಬ್ಬಿ ಬಿರುಕು ಬಿಟ್ಟ ಕಡೆ ಮೊಂಡು ಕತ್ತಿಯ ತುದಿಯಿಂದಲೋ ಕೋಲಿನಿಂದಲೋ ಎರಡು ಮೂರು ಸೆಂ.ಮೀ. ಕೆದಕಿದರೆ ಸಾಕು. ಗುಂಡು ತೆಗೆದ ಗುಳಿಗೆ ಅದೇ ಮಣ್ಣು ತಳ್ಳಿ ಮೇಲೆ ನಾಲ್ಕು ತರಗೆಲೆ ಎಳೆಯಬೇಕು. ಆಗಲೇ ಬಿರಿದ ನಕ್ಷತ್ರಗಳನ್ನು ಮುಟ್ಟಬಾರದು. ತರಗೆಲೆ ಗುಡಿಸುವವರು ಹಟ್ಟಿಗೆ ಬೇಕಾದಷ್ಟು ಒಯ್ಯಲಿ, ಮಣ್ಣು ಬತ್ತಲಾಗುವಷ್ಟು ಕೆರೆಯುವುದು ಬೇಡ. ಮಳೆಗಾಲಕ್ಕೆ ಮೊದಲು ಅಡಿಕೆಗೆ ಹೊಡೆಯುವ ಬೋರ್ಡೋ ದ್ರಾವಣದ ಹಂಗಾಮೂ ಕಲ್ಲಣಬೆಯ ಹಂಗಾಮೂ ಒಂದೇ. ಉಳಿದ ದ್ರಾವಣ, ಡ್ರಮ್ ತೊಳೆದ ನೀರು, ತಳದಲ್ಲಿ ಉಳಿದ ಗಸಿ ಇವನ್ನು ಗುಡ್ಡೆಯ ಅಂಚಿಗೆ ಚೆಲ್ಲುವ ರೂಢಿ ಬಿಡಬೇಕು. ಮೈಲುತುತ್ತದ ತಾಮ್ರ ಕೊಲ್ಲುವುದು ಶಿಲೀಂಧ್ರವನ್ನೇ. ಗೇರಿನ ಗೊಬ್ಬರ ಬೋಗಿಯ ನೆರಳಿನಿಂದ ಕನಿಷ್ಠ ಮೂರು ಮೀಟರ್ ಆಚೆ ನಿಲ್ಲಲಿ, ನೀರಿನ ದಾರಿಗೆ ಒಂದು ಸಣ್ಣ ಅಗಳು ತೆಗೆದು ಬೇರೆ ಕಡೆ ತಿರುಗಿಸಲಿ.

ಮೇಲಿನ ಅರ್ಧದಲ್ಲಿ ಅಕೇಶಿಯವನ್ನು ಒಮ್ಮೆಗೇ ಬೋಳಿಸಿದರೆ ಬಿಸಿಲಿಗೆ ಬೋಗಿಯ ಸಸಿ ಸುಟ್ಟುಹೋಗುತ್ತದೆ, ಮುರಕಲ್ಲಿನ ಮೇಲಿನ ತೆಳು ಮಣ್ಣೂ ಕೊಚ್ಚಿಹೋಗುತ್ತದೆ. ಒಂದು ಸಾಲು ಬಿಟ್ಟು ಒಂದು ಸಾಲು ನೆಲಮಟ್ಟಕ್ಕೆ ಕಡಿದು, ಬುಡ ಕೀಳದೆ ಬಿಡುವುದು ಸರಿ. ಕುಮ್ಕಿ ಸರಕಾರಿ ಜಾಗ. ಪಕ್ಕದ ವರ್ಗದವರಿಗೆ (ಪಟ್ಟಾದಾರರಿಗೆ) ಸೊಪ್ಪು, ತರಗೆಲೆ, ಮೇವಿನಂಥ ಸವಲತ್ತು ಇದೆ, ಜಾಗದ ಹಕ್ಕಲ್ಲ. ಅನುಮತಿ ಕೈಗೆ ಬಂದ ಮೇಲೆಯೇ ಕತ್ತಿ ಎತ್ತಬೇಕು. ಅಕೇಶಿಯದ ದಪ್ಪ ತರಗು ಬೇಗ ಕೊಳೆಯುವುದಿಲ್ಲ, ಸಸಿ ನೆಡುವ ಗುಂಡಿಯ ಸುತ್ತ ಒಂದು ಮೀಟರ್ ಬಿಡಿಸಿ ಬದಿಗೆ ಹಾಕಬೇಕು.

ಸಸಿ ಮಾಡುವುದರಲ್ಲಿ ಹೆಚ್ಚಿನವರು ಸೋಲುವುದು ಬೀಜ ಕೂಡಿಡುವುದರಿಂದ. ಹೈಗ, ಬೋಗಿಯ ಬೀಜ ಒಣಗಿದರೆ ಸತ್ತಂತೆ. ಮುಂಗಾರಿನ ಶುರುವಿಗೆ ಉದುರಿದ ರೆಕ್ಕೆಯ ಕಾಯಿಗಳನ್ನು ಹೆಕ್ಕಿ, ರೆಕ್ಕೆ ಮುರಿದು, ವಾರದೊಳಗೆ ಬಿತ್ತಬೇಕು. 6 ಇಂಚು ಅಗಲ, 9 ಇಂಚು ಎತ್ತರದ ಚೀಲಕ್ಕೆ ಮೂರು ಪಾಲು ಗುಡ್ಡೆಯ ಕೆಂಪು ಮಣ್ಣು, ಒಂದು ಪಾಲು ಮರಳು, ಒಂದು ಪಾಲು ಕಲ್ಲಣಬೆ ಏಳುವ ಬೋಗಿಬುಡದ ಮೇಲ್ಮಣ್ಣು. ಸಣ್ಣ ಬೇರುಗಳ ಸಮೇತ ತೆಗೆದದ್ದಾಗಿರಲಿ, ಒಂದೇ ಮರದಿಂದ ಬುಟ್ಟಿಗಟ್ಟಲೆ ಬೇಡ. ಹಟ್ಟಿಗೊಬ್ಬರ, ಸುಣ್ಣ, ಯೂರಿಯಾ ಯಾವುದೂ ಬೇಡ. ಸಸಿ ನಿಧಾನಕ್ಕೆ ಬೆಳೆಯುವುದು ಕಂಡು ಗೊಬ್ಬರ ಹಾಕಿದರೆ ಹಸುರಾಗುತ್ತದೆ, ಬೇರಿಗೆ ಅಣಬೆ ಕೂಡುವುದಿಲ್ಲ.

ಅಡುಗೆಮನೆಯಲ್ಲಿ ಬದಿಗಿಟ್ಟ ಕಂದು ಕಲ್ಲಣಬೆ ಇಲ್ಲಿ ಬೇಕು. ಪೂರ್ತಿ ಪುಡಿಯಾದ ನಾಲ್ಕೈದು ಗುಂಡನ್ನು ಒಂದು ಲೀಟರ್ ಬಾವಿ ನೀರಿನಲ್ಲಿ ಹಿಸುಕಿ, ಬಟ್ಟೆಯಲ್ಲಿ ಸೋಸಿ, ಚೀಲಕ್ಕೆ ಐವತ್ತು ಮಿಲಿಲೀಟರ್‌ನಂತೆ ಬುಡಕ್ಕೆ ಸುರಿಯುವುದು, ತಿಂಗಳು ಬಿಟ್ಟು ಇನ್ನೊಮ್ಮೆ. ಕ್ಲೋರಿನ್ ಹಾಕಿದ ನಳ್ಳಿ ನೀರು ಬೇಡ. ಸ್ಕ್ಲೆರೊಡರ್ಮದ ಕಪ್ಪು ಪುಡಿ ಇದಕ್ಕೆ ಸೇರದಂತೆ ನೋಡಿಕೊಳ್ಳಬೇಕು, ಇಲ್ಲದಿದ್ದರೆ ಬೋಗಿಗೂ ಅದೇ ಅಂಟುತ್ತದೆ. ನಮ್ಮ ಮಟ್ಟಿಗೆ ಬೀಜಕದ ನೀರಿಗಿಂತ ಬೋಗಿಬುಡದ ಮಣ್ಣೇ ಹೆಚ್ಚು ಭರವಸೆಯದು, ಅದರಲ್ಲಿ ಜೀವಂತ ಎಳೆ ಇರುತ್ತದೆ. ಮರುವರ್ಷ ಜೂನಿನಲ್ಲಿ ಮೂರು ಮೀಟರ್ ಅಂತರದಲ್ಲಿ, ಕಡಿದ ಅಕೇಶಿಯದ ಸಾಲಿನಲ್ಲಿ ನೆಡುವುದು. ಮೊದಲ ಸಾಲನ್ನು ಕೆಳಗಿನ ಹಳೆಯ ಬೋಗಿಗಳಿಗೆ ಆದಷ್ಟು ಹತ್ತಿರ ನೆಟ್ಟರೆ ಹಳೆಯ ಬೇರಿನ ಎಳೆ ಹೊಸ ಬೇರಿಗೆ ತಾನಾಗಿ ದಾಟುತ್ತದೆ.

ಅಣಬೆ ಏಳಲು ವರ್ಷಗಳು ಬೇಕು, ಎಷ್ಟೆಂದು ಯಾರಿಗೂ ಮಾತು ಕೊಡುವಂತಿಲ್ಲ. ಅಲ್ಲಿಯ ತನಕ ನೋಡಬೇಕಾದ್ದು ಬೇರನ್ನು. ನೆಟ್ಟ ಎರಡನೇ ಮಳೆಗಾಲದ ಕೊನೆಗೆ ಪ್ರತಿ ಸಾಲಿನ ಒಂದು ಸಸಿಯ ಪಕ್ಕದಿಂದ ಒಂದು ಹಿಡಿ ಮಣ್ಣು ತೆಗೆದು ಬಿಳಿ ತಟ್ಟೆಯಲ್ಲಿ ನೀರು ಹಾಕಿ ತೊಳೆದು, ಹತ್ತು ಪಟ್ಟು ದೊಡ್ಡದಾಗಿ ತೋರುವ ಭೂತಗನ್ನಡಿಯಲ್ಲಿ ನೋಡುವುದು. ತುದಿಗಳು ಗಿಡ್ಡ, ದಪ್ಪ, ಕವಲು ಕವಲಾಗಿ, ರೋಮವಿಲ್ಲದೆ, ಮೇಲೆ ಬಿಳಿಚು ಪೊರೆ ಹೊದ್ದಿದ್ದರೆ ನಂಟು ಕೂಡಿದೆ. ಕಲ್ಲಣಬೆಯದೇ ಹೌದೋ ಎಂದು ಇದರಿಂದ ಹೇಳಲಾಗದು, ಆದರೆ ಇದಿಲ್ಲದೆ ಕಲ್ಲಣಬೆ ಬರುವುದಿಲ್ಲ. ಬೇರು ತೆಳುವಾಗಿ, ಕಂದಾಗಿ, ರೋಮ ತುಂಬಿದ್ದರೆ ಆ ಸಾಲಿಗೆ ಗೊಬ್ಬರದ ನೀರು ಎಲ್ಲಿಂದ ಬರುತ್ತಿದೆ ಎಂದು ಹುಡುಕಿ ತಪ್ಪಿಸಿ, ಮುಂದಿನ ಮುಂಗಾರಿಗೆ ಬುಡಕ್ಕೆ ಇನ್ನೊಂದು ಹಿಡಿ ಬೋಗಿಬುಡದ ಮಣ್ಣು ಕೊಡಬೇಕು.